ಹಿಂದೆ ತಿರುಗುವ ನೀಲಿ ದೋಣಿ

"ನಮ್ಮ ಕನ್ನಡಕಕ್ಕೇ ಕಣ್ಣು ಕಾಣ್ತಿಲ್ಲ ಕಣೇ!"

ಫೋನಿನಲ್ಲಿ ಚಿಕ್ಕಮ್ಮನ ದನಿ ಎಷ್ಟು ಜೋರಾಗಿತ್ತೆಂದರೆ, ಲ್ಯಾಬಿನಲ್ಲಿ ಪರೀಕ್ಷೆಗೆ ರಕ್ತ ಕೊಟ್ಟು ತೋಳು ಚಾಚಿ ಕೂತಿದ್ದ ಹಿರಿಯರೊಬ್ಬರು ತಮಗೇ ಏನೋ ಆಗಿದೆಯೆಂದು ಬೆಚ್ಚಿಬಿದ್ದರು. ರಕ್ತ ತೆಗೆದವಳು ಅವರಿಗೆ ಹತ್ತಿಯನ್ನು ಒತ್ತಿ ಹಿಡಿಯಲು ಹೇಳಿ, ಫೋನನ್ನು ಕಿವಿಗೂ ಭುಜಕ್ಕೂ ನಡುವೆ ಸಿಕ್ಕಿಸಿಕೊಂಡಳು.

"ಚಿಕ್ಕಮ್ಮ, ನಾನು ಕೆಲಸದಲ್ಲಿದೀನಿ."

"ನಾನೇನು ಗೊರಕೆ ಹೊಡೀತಿದೀನಾ? ನಿನ್ನೆ ಆಟ ಸೋತಿದ್ದನ್ನ ನೆನೆಸ್ಕೊಂಡು ಒಂದು ಅಂಗಿಗೆ ಎರಡೂ ಎಡತೋಳೇ ಹೊಲ್ದಿಟ್ಟಿದೀನಿ. ಭಾನುವಾರ ನಂಗೆ ಆ ಕನ್ನಡಕದ ಅಂಗಡಿಯವನ ರಿಪೋರ್ಟ್ ಬೇಕು. ಅವನು ಹೀಗೇ ಆಡಿದ್ರೆ, ಟೂರ್ನಮೆಂಟಿಗೆ ಔಷಧಿ ಅಂಗಡಿಯವನನ್ನ ಸೇರಿಸ್ಕೋತೀನಿ. ಆಮೇಲೆ ನನ್ನನ್ನ ಬೈಕೋಬೇಡಿ."

ಫೋನು ಕಟ್ಟಾಯಿತು.

ಚಿಕ್ಕಮ್ಮ ಅವಳ ತಾಯಿಯ ತಂಗಿ. ಬೀದಿಯ ತುದಿಯಲ್ಲಿ ಟೈಲರ್ ಅಂಗಡಿ. ಹಗಲು ಕತ್ತರಿ ಹಿಡಿಯುವ ಆ ಕೈ ಸಂಜೆಯಾದರೆ ಗೇಮಿನ ಕಂಟ್ರೋಲರ್ ಹಿಡಿಯುತ್ತದೆ, ಹಿಡಿದ ಮೇಲೆ ಯಾರ ಮುಖವನ್ನೂ ನೋಡುವುದಿಲ್ಲ. ಆಟ ಸರಳ. ಒಂದು ದೊಡ್ಡ ಕೆರೆ, ಈ ಕಡೆ ಮೂರು ದೋಣಿ, ಆ ಕಡೆ ಮೂರು. ಎರಡೂ ದಡದಲ್ಲಿ ಒಂದೊಂದು ದೀಪ. ಒಬ್ಬರು ತಮ್ಮ ದೀಪ ಕಾಯಬೇಕು, ಇಬ್ಬರು ಹೋಗಿ ಎದುರಾಳಿಯ ದೀಪ ಕಸಿದು ತರಬೇಕು. ಚಿಕ್ಕಮ್ಮನದು ಕೆಂಪು ದೋಣಿ. ಕನ್ನಡಕದ ಅಂಗಡಿಯವನದು ನೀಲಿ. ಕಾವಲಿಗೆ ನಿಲ್ಲುವ ಬಿಳಿ ದೋಣಿ ಅವಳದು.

ಇನ್ನೊಂದು ಕೆಲಸವೂ ಅವಳದೇ. ಆಟ ಮುಗಿದ ಮೇಲೆ ಅದರ ರೀಪ್ಲೇಯನ್ನು ಒಂದು ಸೈಟಿಗೆ ಅಪ್‌ಲೋಡ್ ಮಾಡುವುದು. ಆ ಸೈಟು ಆಟವನ್ನು ಎಳೆ ಎಳೆಯಾಗಿ ಬಿಡಿಸಿಡುತ್ತದೆ. ಯಾರು ಎಷ್ಟು ವೇಗವಾಗಿ ಹೋದರು, ಎಲ್ಲಿ ಸುಮ್ಮನೆ ನಿಂತರು, ಯಾವ ಕಡೆ ನೋಡುತ್ತಿದ್ದರು, ಎಲ್ಲವೂ ಅಲ್ಲಿ ಬರುತ್ತದೆ. ಹಗಲೆಲ್ಲ ಬೇರೆಯವರ ರಕ್ತದ ಗುಣದೋಷ ಬರೆಯುವವಳಿಗೆ ಇದು ನೀರು ಕುಡಿದಷ್ಟು ಸುಲಭ. ಹಾಗಾಗಿ ತಂಡದಲ್ಲಿ ಅವಳ ಹೆಸರೇ ರಿಪೋರ್ಟು ಎಂದಾಗಿತ್ತು. ಅವಳ ನಿಯಮ ಒಂದೇ: ಇದ್ದದ್ದನ್ನು ಇದ್ದ ಹಾಗೆ ಬರೆಯಬೇಕು. ಯಾರ ಮುಖ ನೋಡಿಯೂ ಒಂದಂಕಿ ಹೆಚ್ಚು ಕಮ್ಮಿ ಮಾಡಬಾರದು.

ಆದರೆ ಈ ಸಲ ರಿಪೋರ್ಟು ಯಾರದೆಂದು ನೋಡಿ!

ಅವಳಿಗೆ ಅವನೆಂದರೆ ಇಷ್ಟ. ಇಷ್ಟ ಎನ್ನುವುದು ಕೂಡ ಸ್ವಲ್ಪ ಕಮ್ಮಿಯೇ ಆಯಿತು. ಲ್ಯಾಬಿನ ಎದುರುಗಡೆಯೇ ಅವನ ಅಂಗಡಿ. ಬೆಳಿಗ್ಗೆ ಅವನು ಶಟರ್ ಎತ್ತುವ ಸದ್ದು ಕೇಳದಿದ್ದರೆ ಅವಳಿಗೆ ದಿನ ಶುರುವಾದಂತೆ ಅನಿಸುತ್ತಿರಲಿಲ್ಲ. ಬೀದಿಯಲ್ಲಿ ಎದುರಾದರೆ "ಚೆನ್ನಾಗಿದೀರಾ?" ಎಂಬಲ್ಲಿಗೆ ಮಾತು ಮುಗಿಯುತ್ತಿತ್ತು. ಸಂಜೆಯ ಆಟದಲ್ಲಿ ಮಾತ್ರ ಹೆಡ್‌ಫೋನಿನೊಳಗೆ ಅವನ ದನಿ ಕಿವಿಗೆ ಅಷ್ಟು ಹತ್ತಿರ. ಅವಳಿಗೆ ಗಾಬರಿಯಾದಾಗಲೆಲ್ಲ, "ಹೆದರ್ಬೇಡಿ, ಬಂದೆ" ಎನ್ನುತ್ತಿದ್ದ. ಅವನು ತಂಡ ಬಿಟ್ಟರೆ ಆ ದನಿಯೂ ಹೋಗುತ್ತದೆ. ಔಷಧಿ ಅಂಗಡಿಯವನು ಬಂದು "ಹೆದರ್ಬೇಡಿ" ಎಂದರೆ ಯಾರಿಗೆ ಬೇಕು?

ಸಂಜೆ ಮನೆಗೆ ಬಂದವಳೇ ಸೋತ ಆಟಗಳನ್ನೆಲ್ಲ ಅಪ್‌ಲೋಡ್ ಮಾಡಿದಳು. ನೀಲಿ ದೋಣಿಯ ಪುಟ ತೆರೆದುಕೊಂಡಿತು. ವೇಗ ಚೆನ್ನಾಗಿದೆ. ಕೈಚಳಕ ಚೆನ್ನಾಗಿದೆ. ತೊಂದರೆ ಇರುವುದು ಒಂದೇ ಕಡೆ, 'ಹಿಂದೆ ನೋಡಿದ್ದು' ಎಂಬ ಸಾಲಿನಲ್ಲಿ. ಹಿಂದೇನಾಗುತ್ತಿದೆ ಎಂದು ನೋಡಲು ಆಟದಲ್ಲೊಂದು ಬಟನ್ ಇದೆ. ಬೇರೆಯವರು ಅದನ್ನು ಅಪರೂಪಕ್ಕೆ ಒತ್ತುತ್ತಾರೆ. ಇವನು ಎದುರಾಳಿಯ ದೀಪಕ್ಕೆ ಕೈ ಹಾಕುವ ಹೊತ್ತಿನಲ್ಲೇ ಒತ್ತುತ್ತಾನೆ. ಅಷ್ಟರಲ್ಲಿ ದೀಪ ಕೈತಪ್ಪುತ್ತದೆ. ಪ್ರತಿ ಆಟದಲ್ಲೂ ಇದೇ ಕಥೆ.

ಹಿಂದೆ ಇರುವುದು ಯಾರು? ದೀಪ ಕಾಯುತ್ತಾ ನಿಂತ ಬಿಳಿ ದೋಣಿ.

ಓಹೋ, ಅಂದರೆ ಇವನಿಗೆ ನನ್ನ ಕಾವಲಿನ ಮೇಲೆ ನಂಬಿಕೆಯಿಲ್ಲ ಎಂದುಕೊಂಡಳು. ಈಚೆಗೆ ಅವಳ ಕಾವಲಿನಲ್ಲೇ ಎರಡು ಮೂರು ಸಲ ದೀಪ ಕಳುವಾದದ್ದು ನಿಜ. ಕಳ್ಳದೋಣಿ ಯಾವ ಕಡೆಯಿಂದ ಬಂತೆಂದು ಅವಳಿಗೇ ತಿಳಿದಿರಲಿಲ್ಲ. ಹಾಗಂತ ಇಷ್ಟೊಂದು ಅನುಮಾನವೇ? ಅವಳು ಊಟ ಅರ್ಧಕ್ಕೇ ಬಿಟ್ಟೆದ್ದಳು.

ಮರುದಿನ ಮಧ್ಯಾಹ್ನ ರಸ್ತೆ ದಾಟಿ ಅವನ ಅಂಗಡಿಗೆ ಹೋದಳು. ನೆಪಕ್ಕೆ ಕಣ್ಣು ಪರೀಕ್ಷೆ.

ಅವಳನ್ನು ನೋಡಿದ್ದೇ ಅವನು ಒರೆಸುತ್ತಿದ್ದ ಗಾಜನ್ನು ಒರೆಸಿದ್ದೇ ಒರೆಸಿದ್ದು. "ಬನ್ನಿ ಬನ್ನಿ" ಎಂದ. ಕೂರಲು ಹೇಳಿ, ಕುರ್ಚಿಯ ಮೇಲಿದ್ದ ಡಬ್ಬಿಗಳನ್ನು ತೆಗೆಯುವುದು ಮರೆತ. ಆಮೇಲೆ ನಾಲಿಗೆ ಕಚ್ಚಿಕೊಂಡು ತೆಗೆದ.

ಒಳಗಿನ ಮಬ್ಬು ಕೋಣೆಯಲ್ಲಿ ಅವಳ ಮೂಗಿನ ಮೇಲೆ ಭಾರದ ಫ್ರೇಮೊಂದನ್ನು ಕೂರಿಸಿ, ಗಾಜು ಬದಲಾಯಿಸುತ್ತಾ ಕೇಳಿದ, "ಈಗ ಚೆನ್ನಾಗಿ ಕಾಣುತ್ತಾ, ಮೊದ್ಲೇ ಚೆನ್ನಾಗಿತ್ತಾ?"

ಅವನ ಮುಖ ಗೇಣು ದೂರದಲ್ಲಿತ್ತು. ಹುಬ್ಬಿನ ಕೆಳಗೊಂದು ಪುಟ್ಟ ಮಚ್ಚೆ ಇರುವುದು ಅವಳಿಗೆ ಇವತ್ತು ಗೊತ್ತಾಯಿತು. ಆದರೆ ಅವನು ಫ್ರೇಮಿನ ತಿರುಪು ನೋಡಿದ, ಗಾಜಿನ ಅಂಚು ನೋಡಿದ, ಅವಳ ಕಿವಿಯ ಹತ್ತಿರದ ಕಡ್ಡಿ ನೋಡಿದ. ಕಣ್ಣನ್ನು ಬಿಟ್ಟು ಉಳಿದದ್ದೆಲ್ಲ ನೋಡಿದ.

"ಕಣ್ಣು ಪರೀಕ್ಷೆ ಅಂದ್ರೆ ಕಣ್ಣು ನೋಡ್ಬೇಕಲ್ವಾ?" ಎಂದಳು.

"ನೋಡ್ತಾ ಇದೀನಲ್ಲ." ಅವನ ದೃಷ್ಟಿ ಒಮ್ಮೆ ಮೇಲೆ ಬಂತು, ಅವಳ ಕಣ್ಣಿಗೆ ತಾಗಿತು, ಬಿಸಿ ಪಾತ್ರೆ ಮುಟ್ಟಿದ ಕೈಯಂತೆ ತಕ್ಷಣ ಕೆಳಗಿಳಿಯಿತು. "ಕೆಳಗಿನ ಸಾಲು ಓದಿ."

ಅವಳು ಓದಲಿಲ್ಲ. "ಇಲ್ಲಿ ನೋಡೋಕಾಗಲ್ಲ. ಆಟದಲ್ಲಿ ಮಾತ್ರ ಅಷ್ಟು ಸಲ ತಿರುಗಿ ತಿರುಗಿ ನೋಡ್ತೀರ?"

ಅವನ ಕೈಯಲ್ಲಿದ್ದ ಗಾಜು ಟಣ್ಣೆಂದು ತಟ್ಟೆಗೆ ಬಿತ್ತು. "ಅದೂ ಬರುತ್ತಾ ಅದ್ರಲ್ಲಿ?"

"ಎಲ್ಲಾ ಬರುತ್ತೆ."

ಆ ಮಬ್ಬಿನಲ್ಲೂ ಅವನ ಕಿವಿ ಕೆಂಪಾದದ್ದು ಕಾಣಿಸಿತು. ತಬ್ಬಿಬ್ಬಾದವನು ಬಾಯಿಗೆ ಬಂದದ್ದನ್ನು ಹೇಳಿಬಿಟ್ಟ: "ಅದು... ದೀಪ ಇದೆಯೋ ಇಲ್ವೋ ಅಂತ ನೋಡ್ತಿದ್ದೆ."

ಅವಳು ಫ್ರೇಮು ಬಿಚ್ಚಿ ಅವನ ಕೈಗಿಟ್ಟಳು. "ಗೊತ್ತಾಯ್ತು. ನಂಬಿಕೆ ಇಲ್ಲ ಅಂದ್ರೆ ಮುಖಕ್ಕೆ ಹೇಳ್ಬಹುದಿತ್ತು. ಚಿಕ್ಕಮ್ಮನಿಗೆ ಹೇಳ್ತೀನಿ, ನೀವೇ ಇರಿ, ನಾನೇ ಆಟ ಬಿಡ್ತೀನಿ."

"ಅಯ್ಯೋ, ಹಾಗಲ್ಲ, ರೀ..."

ಅವಳು ಆಗಲೇ ಬಾಗಿಲು ದಾಟಿದ್ದಳು. ಆಚೆ ಬಿಸಿಲಿಗೆ ಬಂದಾಗ ಕಣ್ಣು ಮಂಜಾಗಿತ್ತು. ಅದಕ್ಕೆ ಕನ್ನಡಕದಲ್ಲಿ ಮದ್ದಿರಲಿಲ್ಲ.

ಭಾನುವಾರ ಮೂವರೂ ಟೈಲರ್ ಅಂಗಡಿಯಲ್ಲಿ ಸೇರಿದರು. ಚಿಕ್ಕಮ್ಮ ಕತ್ತರಿಸುವ ಮೇಜನ್ನು ಖಾಲಿ ಮಾಡಿ ಲ್ಯಾಪ್‌ಟಾಪ್ ಇಡಿಸಿದಳು, ಕುತ್ತಿಗೆಗೆ ಅಳತೆಯ ಟೇಪು ನೇತುಹಾಕಿಕೊಂಡು ನ್ಯಾಯಾಧೀಶೆಯ ಹಾಗೆ ಕೂತಳು. ಅವನು ಬಾಗಿಲ ಬಳಿಯ ಸ್ಟೂಲಿನ ಮೇಲೆ ಮುದುರಿ ಕೂತಿದ್ದ. ಅವಳು ಅವನತ್ತ ಕಣ್ಣೆತ್ತಿಯೂ ನೋಡಲಿಲ್ಲ. ಆದರೂ ಅವನು ನೀಲಿ ಅಂಗಿ ಹಾಕಿಕೊಂಡು ಬಂದದ್ದು ಹೇಗೋ ಗೊತ್ತಾಗಿತ್ತು.

"ಹೇಳು ರಿಪೋರ್ಟು. ಏನಾಗಿದೆ ಇವನಿಗೆ?"

"ಏನೂ ಆಗಿಲ್ಲ ಚಿಕ್ಕಮ್ಮ. ಆಟ ಚೆನ್ನಾಗೇ ಇದೆ. ಹಿಂದೆ ತಿರುಗಿ ನೋಡೋದೊಂದೇ ಜಾಸ್ತಿ. ದೀಪ ಕಾಯೋರು ಸರಿಯಿಲ್ಲ ಅಂತ ಅವರಿಗೆ ಅನುಮಾನ. ಕಾವಲಿಗೆ ಬೇರೆಯವರನ್ನ ಹಾಕಿದ್ರೆ ಅವರು ಸರಿಹೋಗ್ತಾರೆ."

"ನಾನು ಹಾಗಂದೇ ಇಲ್ಲ!" ಅವನು ಎದ್ದು ನಿಂತ.

"ಕೂತ್ಕೋಪ್ಪ ನೀನು." ಚಿಕ್ಕಮ್ಮ ಸೀಮೆಸುಣ್ಣ ಮೆತ್ತಿದ ಬೆರಳಿನಿಂದ ಪರದೆಯನ್ನು ಮುಟ್ಟಿದಳು. "ಇದೇನಿದು, ಬಿಳಿ ದೋಣಿ? ಇದು ನಿಂದಲ್ವೇನೇ? ನಿನ್ನ ರಿಪೋರ್ಟ್ ಎಲ್ಲಿ?"

"ನಂದು ಬೇಡ ಚಿಕ್ಕಮ್ಮ. ನಂದು ನಾನು ಯಾವತ್ತೂ ತೆಗೆದೇ ಇಲ್ಲ."

"ಊರಿನವರಿಗೆಲ್ಲ ಸೂಜಿ ಚುಚ್ತೀಯ, ನಿಂಗೊಂದು ಚುಚ್ಕೊಳಕ್ಕೆ ಭಯಾನಾ? ಸಂಬಂಧಿ ಅಂತ ರಿಯಾಯಿತಿ ಇಲ್ಲ ಇಲ್ಲಿ." ಚಿಕ್ಕಮ್ಮ ಒತ್ತಿಯೇ ಬಿಟ್ಟಳು.

ಬಿಳಿ ದೋಣಿಯಿಂದ ಕಂಡ ಕೆರೆ ಪರದೆಯ ಮೇಲೆ ಬಂತು. ಕಾವಲಿನವರಿಗೆ ಆಟದಲ್ಲಿ ಒಂದು ದುರ್ಬೀನು ಕೊಟ್ಟಿರುತ್ತಾರೆ, ನಾಲ್ಕೂ ಕಡೆ ಕಣ್ಣಿಟ್ಟಿರಲಿ ಎಂದು. ಪರದೆಯ ನಡುವೆ ಅದರ ದುಂಡು ಗಾಜು. ಆ ದುಂಡಿನೊಳಗೆ ನೀಲಿ ದೋಣಿ. ನೀಲಿ ದೋಣಿ ಎಡಕ್ಕೆ ಹೋದರೆ ದುರ್ಬೀನು ಎಡಕ್ಕೆ, ಬಲಕ್ಕೆ ಹೋದರೆ ಬಲಕ್ಕೆ. ಮೂಲೆಯಲ್ಲಿ ಕಳ್ಳದೋಣಿಯೊಂದು ರಾಜಾರೋಷವಾಗಿ ಬಂತು, ಅವಳ ಪಕ್ಕದಲ್ಲೇ ದೀಪ ಎತ್ತಿಕೊಂಡಿತು, ಹೊರಟೂ ಹೋಯಿತು. ದುರ್ಬೀನು ಕದಲಲಿಲ್ಲ.

ಭೂಮಿ ಬಾಯಿ ಬಿಡಬಾರದೇ ಎಂದುಕೊಂಡಳು ಅವಳು. ಲ್ಯಾಪ್‌ಟಾಪ್ ಮುಚ್ಚಲು ಕೈ ಚಾಚಿದಳು. ಚಿಕ್ಕಮ್ಮ ಟೇಪಿನಿಂದಲೇ ಕೈಗೊಂದು ಏಟು ಕೊಟ್ಟಳು.

ಅಷ್ಟರಲ್ಲಿ ದುಂಡು ಗಾಜಿನೊಳಗೆ ದೂರದ ನೀಲಿ ದೋಣಿಯವನು ಎದುರಾಳಿಯ ದೀಪಕ್ಕೆ ಕೈಚಾಚಿದ. ಕೈಚಾಚಿದವನು ಹಿಂದೆ ತಿರುಗಿದ. ಆಡುವ ಹೊತ್ತಿನಲ್ಲಿ ಬೇರೆಯವರಿಗೆ ಕಾಣದ ಆ ನೋಟವನ್ನು ರೀಪ್ಲೇ ತೋರಿಸಿಬಿಟ್ಟಿತು. ಅವನು ನೋಡಿದ್ದು ನೇರವಾಗಿ ಅವಳ ದುರ್ಬೀನಿನತ್ತ. ಅಷ್ಟು ದೊಡ್ಡ ಕೆರೆಯ ಎರಡು ದಡದಲ್ಲಿ ಇಬ್ಬರೂ ಒಬ್ಬರನ್ನೊಬ್ಬರು ನೋಡುತ್ತಾ ನಿಂತಿದ್ದರು. ಎರಡೂ ದೀಪ ಕೈಬಿಟ್ಟು ಹೋಗಿದ್ದವು.

"ಹೀಗೋ ಸಮಾಚಾರ!" ಚಿಕ್ಕಮ್ಮ ಹಣೆ ಹಣೆ ಚಚ್ಚಿಕೊಂಡಳು. "ಇವನು ತಿರುಗಿ ತಿರುಗಿ ನೋಡೋದು, ಇವಳು ದುರ್ಬೀನು ಹಾಕ್ಕೊಂಡು ನೋಡೋದು. ನಡುವೆ ನಾನೊಬ್ಬಳು ಕತ್ತೆ ಹಾಗೆ ಹುಟ್ಟು ಹಾಕ್ತಾ ಇದೀನಲ್ರೋ! ಪಾಪ, ಔಷಧಿ ಅಂಗಡಿಯವನನ್ನ ಈ ಗೋಳಿಗೆ ಯಾಕೆ ಎಳೀಲಿ?" ಬೈಯುತ್ತಲೇ ಅವಳಿಗೆ ನಗು ತಡೆಯಲಾಗಲಿಲ್ಲ. "ನಂಗೆ ಬಟನ್ ತರೋದಿದೆ, ಹೋಗಿಬರ್ತೀನಿ. ನಾನು ಬರೋ ಹೊತ್ತಿಗೆ ನೋಡೋದನ್ನೆಲ್ಲ ನೋಡಿ ಮುಗಿಸಿರಿ."

ಗೋಡೆಯ ಕಪಾಟಿನಲ್ಲಿ ಡಬ್ಬಿಗಟ್ಟಲೆ ಬಟನ್ ಇದ್ದವು. ಅದನ್ನು ಯಾರೂ ಜ್ಞಾಪಿಸಲಿಲ್ಲ.

ಅವನು ಸ್ಟೂಲನ್ನು ಎಳೆದುಕೊಂಡು ಮೇಜಿನ ಆಚೆ ಬಂದು ಕೂತ.

"ದೀಪ ನೋಡ್ತಿದ್ದೆ ಅಂದಿದ್ದು ಸುಳ್ಳು," ಎಂದ. "ನಿಜ ಹೇಳ್ಲಾ? ನಮ್ಮ ದೀಪ ಎಡಕ್ಕಿದೆಯೋ ಬಲಕ್ಕಿದೆಯೋ, ಈಗ್ಲೂ ಸರಿಯಾಗಿ ಗೊತ್ತಿಲ್ಲ ನಂಗೆ."

ಅವಳಿಗೆ ನಗು ಬಂತು, ಅಳುವೂ ಬಂತು. "ಮತ್ತೆ ಅವತ್ತು ಅಂಗಡೀಲಿ ಮುಖ ಕೂಡ ನೋಡ್ಲಿಲ್ಲ."

"ಆಟದಲ್ಲಾದ್ರೆ ನಾನು ನೋಡಿದ್ದು ನಿಮಗೆ ಗೊತ್ತಾಗಲ್ಲ ಅಂತ ಧೈರ್ಯ. ಎದುರಿಗೆ ಕೂತಾಗ ಎಲ್ಲಿಂದ ತರ್ಲಿ? ದಿನಾ ಹತ್ತಾರು ಜನರ ಕಣ್ಣು ನೋಡ್ತೀನಿ. ನಿಮ್ಮ ಕಣ್ಣು ಕಂಡ್ರೆ ಗಾಜಿನ ನಂಬರೇ ಮರೆತುಹೋಗುತ್ತೆ." ಅವನು ಉಸಿರೆಳೆದುಕೊಂಡ. "ನೀವಂದ್ರೆ ನಂಗಿಷ್ಟ. ತುಂಬಾ ಇಷ್ಟ. ಆಟ ಬಿಡ್ಬೇಡಿ."

"ಆಟ ಬಿಡಲ್ಲ," ಎಂದಳು. ಸ್ವಲ್ಪ ತಡೆದು, "ನಿಮ್ಮನ್ನೂ," ಎಂದಳು.

ಆಮೇಲೆ ಅವನು ಕಣ್ಣೆತ್ತಿದ. ಈ ಸಲ ದೃಷ್ಟಿ ಕೆಳಗಿಳಿಯಲಿಲ್ಲ. ಅವನ ಕಣ್ಣಿನ ಬಣ್ಣ ತಿಳಿ ಕಂದು ಎಂದು ಅವಳು ಸಾವಕಾಶವಾಗಿ ತಿಳಿದುಕೊಂಡಳು.

"ನನ್ನ ಕಣ್ಣಿನ ಪರೀಕ್ಷೆ ಅರ್ಧಕ್ಕೇ ನಿಂತಿದೆ," ಎಂದಳು.

"ಇನ್ಮೇಲೆ ದಿನಾ ಮಾಡೋಣ ಬಿಡಿ."

ಟೂರ್ನಮೆಂಟಿನ ಮೊದಲ ಪಂದ್ಯಕ್ಕೆ ಚಿಕ್ಕಮ್ಮ ಹೊಸ ಕಾನೂನು ತಂದಳು. ಯಾರೂ ಮನೆಯಿಂದ ಆಡುವ ಹಾಗಿಲ್ಲ. ಮೂವರೂ ಟೈಲರ್ ಅಂಗಡಿಯಲ್ಲಿ ಒಂದೇ ಬೆಂಚಿನ ಮೇಲೆ ಕೂರಬೇಕು. ಅವರಿಬ್ಬರು ಪಕ್ಕಪಕ್ಕ. "ನೋಡ್ಬೇಕು ಅನ್ಸಿದ್ರೆ ಕತ್ತು ತಿರುಗಿಸಿ ನೋಡ್ಕೊಳಿ, ನನ್ನ ಕೆರೇಲಿ ಬೇಡ."

ಕಾನೂನು ಫಲ ಕೊಟ್ಟಿತು. ಅವನ ಮೊಣಕೈ ಅವಳ ಮೊಣಕೈಗೆ ತಾಗಿಕೊಂಡಿತ್ತು. ಅಷ್ಟಿದ್ದರೆ ಇಬ್ಬರಿಗೂ ಸಾಕಾಗಿತ್ತು. ದುರ್ಬೀನು ನಾಲ್ಕೂ ದಿಕ್ಕು ಕಾದಿತು. ನೀಲಿ ದೋಣಿ ಬಾಣದಂತೆ ಹೋಗಿ ದೀಪ ಕಸಿದು ತಂದಿತು. ಗೆದ್ದ ಸಂಭ್ರಮಕ್ಕೆ ಚಿಕ್ಕಮ್ಮ ಹೊಲಿದಿಟ್ಟ ಬಟ್ಟೆಗಳ ಮೇಲೆಲ್ಲ ಚಹಾ ಚೆಲ್ಲಿಕೊಂಡಳು.

ಅವಳು ಎಂದಿನಂತೆ ರೀಪ್ಲೇ ಅಪ್‌ಲೋಡ್ ಮಾಡಿ ನೀಲಿ ದೋಣಿಯ ಪುಟ ತೆರೆದಳು. 'ಹಿಂದೆ ನೋಡಿದ್ದು' ಎಂಬ ಸಾಲಿನಲ್ಲಿ ಸೊನ್ನೆ ಇರಬೇಕಿತ್ತು. ಇದ್ದದ್ದು ಒಂದು.

"ಇದ್ಯಾವಾಗ?" ಎಂದು ಹುಬ್ಬೇರಿಸಿದಳು.

"ಗೆದ್ದು ದೀಪ ದಡಕ್ಕೆ ಮುಟ್ಟಿಸಿದ ಮೇಲೆ," ಎಂದ ಅವನು, ಸಿಕ್ಕಿಬಿದ್ದ ಕಳ್ಳನ ಹಾಗೆ. "ನಿಮ್ಮನ್ನ ದಾಟ್ಕೊಂಡು ಮುಂದೆ ಹೋಗಿಬಿಟ್ಟಿದ್ದೆ."

"ಏನಂತೆ ಅವಂದು?" ಎಂದು ಚಿಕ್ಕಮ್ಮ ಚಹಾ ಒರೆಸುತ್ತಾ ಕೂಗಿದಳು. "ಏನಾದ್ರೂ ದೋಷ ಇದೆಯಾ?"

ಲ್ಯಾಬಿನಲ್ಲಿ ಒಳ್ಳೆಯ ಸುದ್ದಿ ಹೇಳುವಾಗಿನ ದನಿಯಲ್ಲೇ ಅವಳು ಓದಿ ಹೇಳಿದಳು, "ಎಲ್ಲಾ ನಾರ್ಮಲ್, ಚಿಕ್ಕಮ್ಮ."