ಮೋಟಾರಿಗೆ ಸೋತ ಕೈ

"ಆಟೋಪೈಲಟ್ ಅನ್ನೋದು ಸೋಮಾರಿಗಳಿಗೆ ಕಣೇ ಡೋರಿ" ಅಂತ ಇಪ್ಪತ್ತು ವರ್ಷ ನಮ್ಮೂರು ಡಿಲ್ಲಿಂಗ್‌ಹ್ಯಾಮ್ ತುಂಬ ಹೇಳಿಕೊಂಡು ತಿರುಗಿದ ಐನಾರ್, ಈ ಏಪ್ರಿಲ್‌ನಲ್ಲಿ ತನ್ನ ಪುಟ್ಟ ವಿಮಾನವನ್ನು ನನ್ನ ರಿಪೇರಿ ಶೆಡ್ಡಿಗೆ ತಂದು ನಿಲ್ಲಿಸಿದ.

"ಒಂದು ಆಟೋಪೈಲಟ್ ಕೂರಿಸಿಕೊಡು."

ನನ್ನ ಹತ್ತಿರ ಬಂದು ಕೂರೋಕೆ ಇದೊಂದು ನೆಪ ಅಂದುಕೊಂಡೆ. ಐವತ್ತೆರಡಕ್ಕೆ ನನಗೆ ಈ ಹುಚ್ಚು ನೋಡಿ. ದಿನಾ ಹೊಗೆಯಲ್ಲಿ ಒಣಗಿಸಿದ ಸಾಲ್ಮನ್ ಮೀನು ತರುತ್ತಿದ್ದ. ಸ್ಟೂಲ್ ಮೇಲೆ ಕೂತು ನಾನು ವೈರ್ ಎಳೆಯೋದನ್ನೇ ನೋಡುತ್ತಿದ್ದ. ನಾನು ತಿರುಗಿದರೆ ಅವನ ಕಣ್ಣು ಕಾಫಿ ಲೋಟಕ್ಕೆ ಇಳಿಯುತ್ತಿತ್ತು. ಒಂದು ವಾರದ ಕೆಲಸವನ್ನು ಮೂರು ವಾರ ಎಳೆದೆ.

"ಆ ಸ್ಕ್ರೂ ನೀನು ನಿನ್ನೆನೂ ಬಿಗಿ ಮಾಡಿದ್ದೆಯಲ್ಲ" ಅನ್ನುತ್ತಿದ್ದ.

"ಮೆಕ್ಯಾನಿಕ್ ನೀನಾ, ನಾನಾ? ಸುಮ್ನೆ ಕೂತ್ಕೋ ಮಾರಾಯ."

ಕೊನೆಗೆ, ವಿಮಾನ ಹಾರಬಹುದು ಅಂತ ನಾನು ಸಹಿ ಹಾಕೋಕೆ ಮುಂಚೆ ಒಂದೇ ಪರೀಕ್ಷೆ ಉಳಿಯಿತು. ಆಟೋಪೈಲಟ್‌ನ ಮೋಟಾರ್ ಸ್ಟಿಯರಿಂಗನ್ನು ಹಿಡಿದಿರುವಾಗಲೇ ಪೈಲಟ್ ಅದನ್ನು ಕೈಯಿಂದ ತಿರುಗಿಸಬೇಕು. ಯಂತ್ರ ಕೆಟ್ಟರೆ ಮನುಷ್ಯ ಗೆಲ್ಲಬೇಕಲ್ಲ. ನಾನು ತಿರುಗಿಸಿ ತೋರಿಸಿದೆ. ಐನಾರ್ ಹಿಡಿದ, ಅದು ಕದಲಲಿಲ್ಲ. ಎರಡೂ ಕೈ ಹಾಕಿದ. ಹಣೆ ಬೆವರಿತು.

"ಮೋಟಾರ್ ಸ್ವಲ್ಪ ಸಡಿಲ ಮಾಡು" ಅಂದ, ನನ್ನ ಮುಖ ನೋಡದೆ.

"ಎಷ್ಟು ದಿನದಿಂದ ಹೀಗೆ?"

"ಚಳಿಗಾಲದಿಂದ. ನರದ ಕಾಯಿಲೆ, ವಾಸಿ ಆಗಲ್ವಂತೆ. ಇದು ಹಾರಿಸುತ್ತೆ, ನಾನು ಕೂತಿರ್ತೀನಿ ಅಂದ್ಕೊಂಡೆ."

ಅವನು ಬಂದದ್ದು ನನಗಾಗಿ ಅಲ್ಲ. ಅರ್ಧ ಸುತ್ತು ಸಡಿಲಿಸಿದರೆ ಇಲ್ಲಿ ಗೆಲ್ಲುತ್ತಿದ್ದ, ಗಾಳಿ ಎದ್ದ ದಿನ ಸಡಿಲ ಮೋಟಾರೂ ಅವನ ಕೈಯೂ ಸೋತು ಮೇಲೆ ಸಾಯುತ್ತಿದ್ದ. ಸಡಿಲಿಸದಿದ್ದರೆ ಅವನ ಹಾರಾಟ ಇವತ್ತಿಗೇ ಮುಗಿಯಿತು.

"ನಾನು ಸಹಿ ಹಾಕಲ್ಲ ಐನಾರ್."

"ಇದು ಬಿಟ್ರೆ ನಂಗೇನಿದೆ ಡೋರಿ?"

"ಎಷ್ಟು ಬೇಕಾದ್ರೂ ಬೈಕೋ, ಆದ್ರೆ ಬದುಕಿರು. ನೀನಿಲ್ದೆ ನನ್ನ ಕೈಲಾಗಲ್ಲ ಕಣೋ."

ಹೇಳಿಯೇ ಬಿಟ್ಟಿದ್ದೆ. ಅವನು ಎದ್ದು ಹೋದ. ಮೂರು ದಿನ ಬರಲಿಲ್ಲ. ಖಾಲಿ ಸ್ಟೂಲ್ ನೋಡುತ್ತಾ ಅದೇ ಸ್ಕ್ರೂ ಬಿಚ್ಚಿದೆ, ಬಿಗಿ ಮಾಡಿದೆ.

ನಾಲ್ಕನೆಯ ದಿನ ಬೆಳಿಗ್ಗೆ ಮೀನಿನ ಪೊಟ್ಟಣ ಹಿಡಿದು ಬಂದ. ವಿಮಾನ ಹತ್ತಿ, ಮೂವತ್ತು ವರ್ಷ ಕೂತ ಎಡಗಡೆಯ ಪೈಲಟ್ ಸೀಟು ದಾಟಿ ಬಲಗಡೆ ಕೂತ. ನನಗೆ ಹಾರಿಸೋದು ಕಲಿಸಿದವನೇ ಅವನು. ನಾನು ಎಡಗಡೆ ಕೂತಾಗ ಕೀ ಚಾಚಿದ. ಬೆರಳಲ್ಲಿ ನಿಲ್ಲದೆ ಅದು ನನ್ನ ಮಡಿಲಿಗೆ ಬಿತ್ತು.

"ಆಟೋಪೈಲಟ್ ಹಾಕ್ಬೇಡ" ಅಂದ. "ನೀನೇ ಹಾರಿಸು, ನಾನು ನೋಡ್ತಾ ಕೂತಿರ್ತೀನಿ. ಮೂರು ವಾರದಲ್ಲಿ ಅದೇ ಅಭ್ಯಾಸ ಆಗೋಗಿದೆ."

ನಾನು ತಿರುಗಿದೆ. ಈ ಸಲ ಅವನು ಕಣ್ಣು ತಪ್ಪಿಸಲಿಲ್ಲ.