ಮೂರನೇ ಅಂಕದ ಜೋಗುಳ

"ತೊಟ್ಟಿಲಿಗೆ ನಿಮ್ಮ ಸ್ವಂತದ್ದು ಏನೂ ಹಾಕ್ಬೇಡಿ. ಆ ಹಾಡನ್ನ ಎರಡನೇ ಸಲ ಹಾಡ್ಬೇಡಿ. ಇನ್ನೊಂದು ಮಾತಿದೆ..."

"ಇನ್ನೂ ಒಂದಿದೆಯಾ?" ನಟಿ ಕನ್ನಡಿಯಲ್ಲೇ ನಕ್ಕಳು. "ಸೂಜಿಯಕ್ಕಾ, ಎಲ್ಲಾ ಒಂದು ಚೀಟೀಲಿ ಬರ್ದು ಕೊಟ್ಬಿಡಿ. ಬಣ್ಣ ಒಣಗೋ ತನಕ ಓದ್ಕೊಂಡು ಕೂತಿರ್ತೀನಿ."

ಸೂಜಿಯಕ್ಕ ನಾಟಕ ಕಂಪನಿಯ ಬಟ್ಟೆಬರೆ ನೋಡಿಕೊಳ್ಳುವವಳು. ತುಟಿಗಳ ನಡುವೆ ಸದಾ ನಾಲ್ಕು ಗುಂಡುಸೂಜಿ. ಅವಳಿಗೆ ದನಿ ಎಂಬುದೇ ಇರಲಿಲ್ಲ. ಮರಳುಕಾಗದ ಉಜ್ಜಿದಂಥ ಸದ್ದೊಂದು ಗಂಟಲಿನಿಂದ ಹೊರಡುತ್ತಿತ್ತು, ಅದನ್ನು ಕೇಳಬೇಕಾದರೆ ಬಗ್ಗಿ ಕಿವಿ ಕೊಡಬೇಕಾಗಿತ್ತು. ಅವಳು ಸೂಜಿಗಳನ್ನು ತೆಗೆದು ಬಾಯಿ ತೆರೆಯುವಷ್ಟರಲ್ಲಿ ಗಂಟೆ ಹೊಡೆಯಿತು. ನಟಿ ಎದ್ದು ಹೊರಟಳು. ಮೂರನೇ ಮಾತು ಹಾಗೇ ಉಳಿಯಿತು.

ನಟಿಯದೇನೂ ತಪ್ಪಿಲ್ಲ ಎನ್ನಬೇಕು. ಹನ್ನೊಂದು ವರ್ಷ ಹಿಂದಿನ ಸಾಲಿನಲ್ಲಿ ನಿಂತು ಕೋರಸ್ ಹಾಡಿದವಳು. ಮರವಾದಳು, ಅಲೆಯಾದಳು, ಒಂದು ಸಲ ಕುದುರೆಯ ಹಿಂಭಾಗವೂ ಆದಳು. ಬೇರೆಯವರಿಗೆ ಜನ 'ಒನ್ಸ್ ಮೋರ್' ಎಂದು ಕೂಗುವಾಗ ಕತ್ತಲಲ್ಲಿ ನಿಂತು ಚಪ್ಪಾಳೆ ಎಣಿಸಿದಳು. ಈಗ ಹೊಸ ಕಂಪನಿ, ಮೊದಲ ಮುಖ್ಯ ಪಾತ್ರ. ಅಂಥವಳಿಗೆ ಎರಡನೇ ಸಲ ಹಾಡಬೇಡ ಎಂದರೆ, ಹಸಿದವಳ ಮುಂದೆ ತಟ್ಟೆಯಿಟ್ಟು ಒಂದೇ ತುತ್ತು ತಿನ್ನು ಎಂದ ಹಾಗೆ.

ಆ ಹಾಡಿನ ಕತೆಯನ್ನು ಅವಳಿಗೆ ಹೇಳಿದವನು ಪಿಟೀಲಿನವನು. ಅದೂ ಅತ್ತಿತ್ತ ನೋಡಿಕೊಂಡು. ಮೂರನೇ ಅಂಕದಲ್ಲಿ ತಾಯಿಯೊಬ್ಬಳು ಸತ್ತ ಮಗುವಿನ ತೊಟ್ಟಿಲು ತೂಗುತ್ತ ಜೋಗುಳ ಹಾಡುತ್ತಾಳೆ. ಈ ನಾಟಕದ ಮೊಟ್ಟಮೊದಲ ಗಾಯಕಿಗೆ ನಿಜಕ್ಕೂ ಕೈಗೂಸಿತ್ತು. ಒಂದು ದಿನ ಕೂಸಿಗೆ ವಿಪರೀತ ಜ್ವರ. ಬಣ್ಣದ ಕೋಣೆಯಲ್ಲಿ ಮಲಗಿಸಿ ರಂಗಕ್ಕೆ ಬಂದಿದ್ದಳು. ಜನ ಮತ್ತೊಂದು ಸಲ ಎಂದು ಕೂಗಿದರು, ಕಂಪನಿಯ ಆಗಿನ ಯಜಮಾನ ಪಕ್ಕದ ಪರದೆಯ ಹಿಂದೆ ನಿಂತು ಹಾಡು ಹಾಡು ಎಂದು ಸನ್ನೆ ಮಾಡಿದ. ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ. ಮೂರು ಸಲ ಹಾಡಿ ಒಳಗೆ ಹೋದಾಗ ಕೂಸು ತಣ್ಣಗಾಗಿತ್ತು.

"ವಾರ ಬಿಟ್ಟು ಬಂದ್ಲಂತೆ," ಎಂದ ಪಿಟೀಲಿನವನು. "ಕೂಸಿನ ಕೂದ್ಲು ಸುಟ್ಟು, ಎದೆಹಾಲಲ್ಲಿ ಕಲಸಿ, ಏಳು ಮೊಳೆಗೆ ಬಳಿದು ತೊಟ್ಟಿಲ ಕೆಳಗಿನ ರಂಗದ ಹಲಗೆಗೆ ಹೊಡೆದ್ಲು. ಮತ್ತೊಂದು ಸಲ, ಮತ್ತೊಂದು ಸಲ ಅಂದ್ರಲ್ಲ, ಇನ್ಮೇಲೆ ಮತ್ತೊಂದು ಸಲಕ್ಕೆ ಕೊನೆಯೇ ಇಲ್ದಿರಲಿ ಅಂದ್ಲು. ಆಮೇಲೆ ಹಲಗೆ ಕಿತ್ರು, ತೊಟ್ಟಿಲು ಬದಲಾಯಿಸಿದ್ರು. ಮೊಳೆ ಸಿಕ್ಕಿದ್ದು ಆರೇ."

"ಕೊನೆಯೇ ಇಲ್ದಿದ್ರೆ ಒಳ್ಳೇದೇ ಆಯ್ತಲ್ಲ!" ನಟಿ ಕತ್ತು ತಟ್ಟಿಕೊಂಡಳು. "ಇದು ಮೂರು ದಿನ ನಿಲ್ಲದೆ ಹಾಡೋ ಗಂಟಲು. ಮೊಳೆಗೆಲ್ಲ ಹೆದರಲ್ಲ."

ಪಿಟೀಲಿನವನು ತಂತಿಗೆ ಶ್ರುತಿ ಮಾಡುತ್ತ ಕುಳಿತುಬಿಟ್ಟ.

ತಾಲೀಮು ನೋಡಿದ ಈಗಿನ ಯಜಮಾನರು, "ಹಾಡು ಚೆನ್ನಾಗಿದೆ. ತಾಯಿ ಕಾಣ್ತಿಲ್ಲ," ಎಂದರು. ಆ ಮಾತು ಅವಳಿಗೆ ನಾಟಿತು. ಕಣ್ಣೀರು ಬರಬೇಕಾದರೆ ಕಣ್ಣೆದುರಿಗೆ ನಿಜವಾದದ್ದೊಂದು ಇರಬೇಕು, ಇದು ನಟರೆಲ್ಲ ಬಲ್ಲ ಉಪಾಯ. ಮೊದಲ ಪ್ರದರ್ಶನದ ದಿನ ಅವಳು ಮನೆಯ ಪೆಟ್ಟಿಗೆಯಿಂದ ಮಗಳ ಉಣ್ಣೆಯ ಟೋಪಿ ತಂದಳು, ಒಂದು ತಿಂಗಳ ಕೂಸಾಗಿದ್ದಾಗಿನದು. ಯಾರೂ ನೋಡದಾಗ ತೊಟ್ಟಿಲ ದಿಂಬಿನ ಮೇಲಿಟ್ಟಳು. ಆ ದಿಂಬು ಹಳಸಿದ ಹಾಲಿನ ವಾಸನೆ ಹೊಡೆಯುತ್ತಿತ್ತು. ಒಗೆಯೋದೇ ಇಲ್ವೇನೋ ಇವರು ಎಂದುಕೊಂಡು ಮೂಗು ಮುಚ್ಚಿದಳು.

ಏಳು ವರ್ಷದ ಪುಟ್ಟಿ ಬಣ್ಣದ ಕೋಣೆಯಲ್ಲಿ ಕುಳಿತು ಮಗ್ಗಿ ಬರೆಯುತ್ತಿದ್ದಳು. "ಅಮ್ಮಾ, ಇವತ್ತು ನಿಂಗೆ ಒನ್ಸ್ ಮೋರ್ ಅಂತಾರಾ?"

"ಅಂತಾರೆ ನೋಡ್ತಿರು."

ಮಧ್ಯಾಹ್ನದ ಪ್ರದರ್ಶನ. ಮೂರನೇ ಅಂಕ. ನಟಿ ಟೋಪಿಯ ಕಡೆಗೆ ನೋಡಿದಳು, ಕಣ್ಣು ತಾನಾಗಿ ತುಂಬಿ ಬಂತು. *ನೀನಿರು ಕಂದ, ನೀನಿರು. ನಾನಿರುವ ತನಕ ನೀನಿರು.* ಕೊನೆಯ 'ನೀನಿರು' ಏರಿ ಏರಿ ಚಾವಣಿಗೆ ಮುಟ್ಟಿ ನಿಂತಿತು. ಸಭೆಯಲ್ಲಿ ಒಬ್ಬರೂ ಕೆಮ್ಮಲಿಲ್ಲ.

ಆಮೇಲೆ ಎದ್ದಿತು ಆ ಕೂಗು. ಮೊದಲು ಹಿಂದಿನ ಬೆಂಚಿನಿಂದ ಒಂದು ದನಿ, ಬಳಿಕ ಇಡೀ ಸಭಾಂಗಣ. ಒನ್ಸ್ ಮೋರ್! ಒನ್ಸ್ ಮೋರ್! ಕಟ್ಟಳೆಯಂತೆ ಪರದೆ ಸರಸರ ಇಳಿಯತೊಡಗಿತ್ತು. ನಟಿ ಕೈಯೆತ್ತಿ ಅದನ್ನು ತಡೆದಳು. ಪಕ್ಕದ ಪರದೆಯ ಬಳಿ ಸೂಜಿಯಕ್ಕ ಎರಡೂ ಕೈ ಜೋಡಿಸಿ ತಲೆ ಅಲ್ಲಾಡಿಸುತ್ತಿದ್ದಳು. ಹನ್ನೊಂದು ವರ್ಷ ಕಾದವಳು ಅದನ್ನೆಲ್ಲ ಲೆಕ್ಕಿಸುತ್ತಾಳೆಯೆ? ಅವಳು ಹಾಡಿದಳು.

ಮೊದಲ ಸಾಲಿಗೇ ಸುಟ್ಟ ಕೂದಲಿನ ನಾತ ಬಂತು. ಎರಡನೇ ಸಾಲಿಗೆ ದೀಪಗಳು ಮಂಕಾದವು. ಅವಳು ಕೈ ತೆಗೆದಿದ್ದರೂ ತೊಟ್ಟಿಲು ತೂಗುತ್ತಲೇ ಇತ್ತು. ಕಿರ್. ಕಿರ್. ತಾಳಕ್ಕೆ ಸರಿಯಾಗಿ. ಒಳಗೆ ಭಾರವಾದದ್ದೇನೋ ಮಲಗಿರುವ ಹಾಗೆ. ಹೇಗೋ ಹಾಡು ಮುಗಿಸಿದಳು. ಚಪ್ಪಾಳೆ ಮಳೆಗರೆಯಿತು. ಬಗ್ಗಿ ನಮಸ್ಕರಿಸುವಾಗ ತೊಟ್ಟಿಲು ಕಂಡಿತು. ದಿಂಬಿನ ಮೇಲೆ ಟೋಪಿ ಇರಲಿಲ್ಲ.

ಅವಳು ಓಡಿದಳು.

ಪುಟ್ಟಿ ಪುಸ್ತಕದ ಮೇಲೆ ತಲೆಯಿಟ್ಟು ಮಲಗಿದ್ದಳು. ಏಳು ಎಂಟ್ಲ ಎಂದು ಬರೆದು ಪೆನ್ಸಿಲ್ ನಿಂತಿತ್ತು. ತಲೆಯ ಮೇಲೆ ಆ ಚಿಕ್ಕ ಟೋಪಿ, ಬಿಗಿಯಾಗಿ. ತುಟಿ ನೀಲಿ. ಮೂಗಿನ ಕೆಳಗೆ ಬೆರಳಿಟ್ಟರೆ ಏನೂ ಇಲ್ಲ.

"ಹಾಡಿ!" ಹಿಂದಿನಿಂದ ಓಡಿಬಂದ ಸೂಜಿಯಕ್ಕ ಅವಳ ಭುಜ ಹಿಡಿದು ಅಲುಗಿಸಿದಳು. "ಹಾಡಿ ಬೇಗ! ಅದೇ ಮೂರನೇ ಮಾತು. ಎರಡನೇ ಸಲ ಹಾಡಿದ್ರೆ ನಿಲ್ಲಿಸ್ಬೇಡಿ!"

ನಟಿಯ ಬಾಯಿಂದ ಹೊರಟದ್ದು ಹಾಡೋ ಚೀರಾಟವೋ. *ನೀನಿರು ಕಂದ...* ಪುಟ್ಟಿಯ ಎದೆ ಮೇಲೆದ್ದಿತು. *ನೀನಿರು.* ಇಳಿಯಿತು. ತುಟಿಗೆ ಬಣ್ಣ ಬಂತು. ಕಣ್ಣು ಮಾತ್ರ ತೆರೆಯಲಿಲ್ಲ. ನಟಿ ಉಸಿರೆಳೆದುಕೊಳ್ಳಲು ನಿಂತರೆ ಅಷ್ಟು ಹೊತ್ತು ಮಗುವಿನ ಎದೆಯೂ ನಿಲ್ಲುತ್ತಿತ್ತು.

ಟೋಪಿ ಕಿತ್ತರೂ ಬರಲಿಲ್ಲ, ಕತ್ತರಿ ಹಾಕಿದರೆ ಕತ್ತರಿಯೇ ಬಾಗಿತು. ಕೋರಸ್‌ನ ಹುಡುಗಿಯರು ಕೂಡಿ ಹಾಡಿ ನೋಡಿದರು. ಆ ದನಿಗಳಿಗೆ ಎದೆ ಮಿಸುಕಲಿಲ್ಲ. ಪಿಟೀಲಿನವನು ಹಾರೆ ತಂದು ರಂಗದ ಹಲಗೆಗಳನ್ನೆಲ್ಲ ಕಿತ್ತ. ಏಳನೇ ಮೊಳೆ ಸಿಗಲಿಲ್ಲ.

ಡಾಕ್ಟರು ಬಂದರು. ಮಗುವಿನ ಎದೆಗೆ ಸ್ಟೆತಸ್ಕೋಪ್ ಇಟ್ಟು ಮುಖ ಸಿಂಡರಿಸಿದರು. "ಏನಮ್ಮಾ ಇದು, ಈ ಗಲಾಟೇಲಿ ಏನು ಕೇಳುತ್ತೆ? ಒಂದು ನಿಮಿಷ ಸುಮ್ನಿರಿ."

ನಟಿ ಹಾಡುತ್ತಲೇ ತಲೆಯಾಡಿಸಿದಳು. ಕಣ್ಣಲ್ಲಿ ನೀರು ಸುರಿಯುತ್ತಿತ್ತು.

"ಸುಮ್ನಿರಿ ಅಂದೆ!" ಎಂದು ಗದರಿ ಡಾಕ್ಟರು ಅವಳ ಬಾಯಿಗೆ ಅಂಗೈ ಒತ್ತಿದರು.

ಕೋಣೆ ನಿಶ್ಶಬ್ದವಾಯಿತು. ಡಾಕ್ಟರು ಕಿವಿಗೊಟ್ಟರು. ಮುಖ ಬಿಳಿಚಿತು. ಉಸಿರು ತುಂಬುವ ರಬ್ಬರ್ ಚೀಲವನ್ನು ಮಗುವಿನ ಬಾಯಿಗೆ ಹಚ್ಚಿ ಒತ್ತಿದರು. ಗಾಳಿ ಒಳಗೆ ಹೋಗಲಿಲ್ಲ. ಮತ್ತೆ ಒತ್ತಿದರು. ಚೀಲ ಕೈಯಿಂದ ಜಾರಿತು.

"ಹಾಡಿ," ಎಂದರು. "ತಾಯೀ, ಇನ್ನೊಂದ್ಸಲ ಹಾಡಿ. ಇನ್ನೊಂದ್ಸಲ!"

ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು. ಬುದ್ಧಿ ಬಂದು ಪ್ರಯೋಜನವೇನು? ಅವಳು ಹಾಡಿದಳು. ಸಂಜೆಯಾಯಿತು, ಬೆಳಗಾಯಿತು. ಸೂಜಿಯಕ್ಕ ಚಮಚದಲ್ಲಿ ಬಿಸಿನೀರು ಹನಿಸುತ್ತಿದ್ದಳು, ಒಂದು ಹನಿ, ಎರಡು ಸಾಲುಗಳ ನಡುವೆ. ಕಿಟಕಿಯಾಚೆ ಬೀದಿಯಲ್ಲಿ ಹೋಗುವವರು ನಿಂತು ಕೇಳಿ, ತಾಲೀಮು ಎಂದುಕೊಂಡು ಚಪ್ಪಾಳೆ ತಟ್ಟಿ ಹೋಗುತ್ತಿದ್ದರು. ಯಾರೋ ಒಬ್ಬರು ನಗುತ್ತ ಒನ್ಸ್ ಮೋರ್ ಎಂದೂ ಕೂಗಿದರು.

ಎರಡನೇ ದಿನ ದನಿ ಒಡೆಯತೊಡಗಿತು. ಆ ಹೊತ್ತಿಗೆ ನಟಿ ಸೂಜಿಯಕ್ಕನ ಮುಖ ನೋಡಿದಳು, ಆ ಕತ್ತು, ಆ ಮರಳುಕಾಗದದ ಗಂಟಲು. ಎಲ್ಲ ಒಮ್ಮೆಗೇ ಅರ್ಥವಾಯಿತು. ಹಾಡು ನಿಲ್ಲಿಸದೆ ಕಣ್ಣಲ್ಲೇ ಕೇಳಿದಳು.

"ಹೂಂ," ಎಂದಳು ಸೂಜಿಯಕ್ಕ. "ಆ ಮೊದಲನೆಯವಳ ನಂತರ ಈ ಪಾತ್ರ ಮಾಡಿದವಳು ನಾನೇ. ನನ್ನ ಮಗನ ಕಾಲುಚೀಲ ಹಾಕಿದ್ದೆ ತೊಟ್ಟಿಲಿಗೆ. ಅಳು ಬರ್ಲಿ ಅಂತ." ಚಮಚವನ್ನು ಮತ್ತೆ ಬಿಸಿನೀರಿಗೆ ಅದ್ದಿದಳು. "ಎರಡು ದಿನ ಹಾಡಿದೆ. ಮೂರನೇ ದಿನ ಬೆಳಗ್ಗೆ..." ಇದನ್ನು ಬರುವ ಪ್ರತಿಯೊಬ್ಬ ಗಾಯಕಿಗೂ ಹೇಳಬೇಕೆಂದೇ ಅವಳು ಇಪ್ಪತ್ತು ವರ್ಷದಿಂದ ಇದೇ ಕೋಣೆಯಲ್ಲಿ ಗುಂಡಿ ಹೊಲಿಯುತ್ತ ಉಳಿದಿದ್ದಳು. ಪೂರ್ತಿ ಕೇಳುವ ತಾಳ್ಮೆ ಇವಳಿಗಿರಲಿಲ್ಲ.

ಮೂರನೇ ಬೆಳಗು. ಕನ್ನಡಿಯ ಮೇಲೆ ಬೂದು ಬೆಳಕು. ನಟಿಯ ತುಟಿಯಂಚಿನಲ್ಲಿ ರಕ್ತ. ದನಿ ದಾರದಷ್ಟಾಗಿತ್ತು. ಪುಟ್ಟಿಯ ಉಸಿರೂ ದಾರದಷ್ಟೇ. *ನೀನಿರು.* ಸದ್ದಿಗಿಂತ ಗಾಳಿಯೇ ಹೆಚ್ಚು. *ನಾನಿರುವ ತನಕ.* ಮೂರು ದಿನ ನಿಲ್ಲದೆ ಹಾಡುವ ಗಂಟಲು. ಕೊನೆಯ ಸಾಲು ಬಂತು. ಏರಬೇಕು. ಬಾಯಿ ತೆರೆದಳು. ಕತ್ತಿನ ನರಗಳೆಲ್ಲ ಉಬ್ಬಿದವು.

ಏನೂ ಬರಲಿಲ್ಲ.

ಇನ್ನೊಮ್ಮೆ ಬಾಯಿ ತೆರೆದಳು. ಇನ್ನೊಮ್ಮೆ. ಮಗಳ ಎದೆಯ ಮೇಲೆ ಮುಷ್ಟಿಯಿಂದ ತಾಳ ಹಾಕಿದಳು. ಬಾಯಿ ತೆರೆದೇ ಇತ್ತು.

ರಂಗದ ಕಡೆಯಿಂದ ಇಷ್ಟು ಹೊತ್ತೂ ಕೇಳುತ್ತಿದ್ದ ತೊಟ್ಟಿಲ ಕಿರ್ ಕಿರ್ ನಿಂತಿತು. ಸೂಜಿಯಕ್ಕ ಮಗುವಿನ ತಲೆಯಿಂದ ಟೋಪಿಯನ್ನು ಎತ್ತಿದಳು. ಈಗ ಅದು ಸುಲಭವಾಗಿ ಬಂತು. ಆಮೇಲೆ ಆ ತಾಯಿಯ ತೆರೆದ ಬಾಯನ್ನು ತನ್ನ ಅಂಗೈಯಿಂದ ಮೆಲ್ಲಗೆ ಮುಚ್ಚಿದಳು.

"ಸಾಕು ಮಗಳೇ," ಎಂದಳು. "ಸಾಕು."