ಇಪ್ಪತ್ತೈದು ಮೈಕ್ರಾನ್

"ಥ್ರೆಡ್ಡು ಕೊಯ್ದೋರ್ದೇ ತಪ್ಪು!"

ಸುವರ್ಣಳ ಬಾಯಿಂದ ಮಾತು ಜಾರಿಬಿಟ್ಟಿತು. ಅವಳು ತಲೆಯೆತ್ತುವಷ್ಟರಲ್ಲಿ ಓಬಳೇಶನ ಮುಖ ಕಪ್ಪಿಟ್ಟಿತ್ತು.

೧೯೮೬ನೇ ಇಸವಿ. ಹಿಂದೂಪುರದ ಸಣ್ಣ ಕಾರ್ಖಾನೆಯೊಂದರಲ್ಲಿ ಅವನು ಲೇತಿನ ಮೇಲೆ ಬೋಲ್ಟು ಕಡೆದು, ನಟ್ಟು ತಿರುಗುವ ಸುತ್ತುಗೆರೆ, ಅಂದರೆ ಥ್ರೆಡ್ಡು, ಕೊಯ್ಯುತ್ತಿದ್ದ. ಅವು ತುಕ್ಕು ಹಿಡಿಯದಂತೆ ಸತುವಿನ ಪ್ಲೇಟಿಂಗ್ ಮಾಡಿಸುವುದು ಅವಳ ಕೆಲಸ. ಇವತ್ತು ನೋಡಿದರೆ ಒಂದು ಬೋಲ್ಟಿಗೂ ನಟ್ಟು ಹೋಗುತ್ತಿಲ್ಲ. ಇಡೀ ಲಾಟು ವಾಪಸ್ಸು ಬಂದಿದೆ!

"ಏಮಯ್ಯಾ ಓಬಳೇಶ, ಏನ್ ಮಾಡ್ಬುಟ್ಟೆ?" ಮಾಲೀಕ ಸೀತಾರಾಮಪ್ಪ ಕೆಂಡವಾದರು.

ಓಬಳೇಶ ಅವಳನ್ನೇ ನೋಡಿದ. ತನ್ನ ಪರವಾಗಿ ಒಂದು ಮಾತಾಡುತ್ತಾಳೇನೋ ಎಂದು...

ಅವಳು ಆಡಲಿಲ್ಲ. ಆ ಸಂಜೆಯೇ ಅವನು ಕೆಲಸ ಬಿಟ್ಟು ತನ್ನೂರು ಕಲ್ಯಾಣದುರ್ಗದ ಬಸ್ಸು ಹತ್ತಿದ.

ಅದಕ್ಕೆ ಒಂದು ತಿಂಗಳ ಹಿಂದಷ್ಟೇ ಇದೇ ಓಬಳೇಶ ಮೆಲ್ಲಗೆ ಕೇಳಿದ್ದ. "ಇವು ನಮ್ಮೂರ ಪಂಪ್‌ಸೆಟ್ಟಿಗೆ ಹೋಗೋ ಬೋಲ್ಟು. ನಮ್ ಕಡೆ ನೀರು ಕಬ್ಬಿಣ ತಿಂದ್ಬುಡ್ತೈತೆ. ಸತು ಒಸಿ ದಪ್ಪಕ್ಕೆ ಹಚ್ಚಿಸ್ತೀರಾ?"

ಡ್ರಾಯಿಂಗಿನಲ್ಲಿ ಇದ್ದದ್ದು ಎಂಟು ಮೈಕ್ರಾನ್, ಅಂದರೆ ಒಂದು ಮಿಲಿಮೀಟರನ್ನು ಸಾವಿರ ಪಾಲು ಮಾಡಿದರೆ ಎಂಟು ಪಾಲು. ಅವನು ಕೇಳಿದನಲ್ಲ ಎಂದು ಅವಳು ಇಪ್ಪತ್ತೈದು ಹಚ್ಚಿಸಿದಳು. ಅಕ್ಕರೆಯನ್ನು ಅಳೆಯುವ ಗೇಜು ಯಾವ ಕಾರ್ಖಾನೆಯಲ್ಲಿದೆ ಹೇಳಿ!

ಎರಡು ವರ್ಷದ ಮೇಲೆ ಬೆಂಗಳೂರಿನಿಂದ ಬಂದ ಇನ್‌ಸ್ಪೆಕ್ಟರೊಬ್ಬರು ಬೇರೆ ಯಾವುದೋ ಲಾಟು ನೋಡುತ್ತಾ ಹೇಳಿದರು. "ಥ್ರೆಡ್ಡಿನ ಎರಡು ಮಗ್ಗುಲಿಗೂ ಸತು ಕೂರುತ್ತಮ್ಮಾ. ಎಂಟಕ್ಕೆ ಜಾಗ ಬಿಟ್ಟು ಕೊಯ್ದಿದ್ದಕ್ಕೆ ದಪ್ಪ ಹಚ್ಚಿದ್ರೆ ನಟ್ಟು ಹೋಗೋದು ಹೇಗೆ? ದಪ್ಪ ಬೇಕಾದ್ರೆ ಮೊದಲೇ ಲೇತಿನವನಿಗೆ ಹೇಳಿ, ಸಣ್ಣಕ್ಕೆ ಕೊಯ್ಸಬೇಕು."

ಸುವರ್ಣಳಿಗೆ ಆ ಇಪ್ಪತ್ತೈದು ಮೈಕ್ರಾನ್ ನೆನಪಾಯಿತು. ಅಯ್ಯೋ... ತಪ್ಪು ನನ್ನದಾ?

ಮಾಲೀಕರ ಮುಂದೆ ಎಲ್ಲವನ್ನೂ ಒಪ್ಪಿಕೊಂಡು, ಮರುದಿನ ಅವಳು ಕಲ್ಯಾಣದುರ್ಗದಲ್ಲಿ ಇಳಿದಳು. ಓಬಳೇಶ ಬಸ್‌ಸ್ಟ್ಯಾಂಡಿನ ಪಕ್ಕ ಸೈಕಲ್ಲಿಗೆ ಪಂಚರ್ ಹಾಕುತ್ತಾ ಕೂತಿದ್ದ.

"ಲೇತು...?" ಎಂದಳು.

"ಮುಟ್ಟಿಲ್ಲ. ಕೈ ಮೇಲೆ ನಂಬಿಕೆ ಹೋಯ್ತು."

ಅವಳು ನಿಂತಲ್ಲೇ ಎಲ್ಲವನ್ನೂ ಹೇಳಿದಳು. ಅವನ ಕೈಯಲ್ಲಿದ್ದ ಟ್ಯೂಬು ಕೆಳಗೆ ಬಿತ್ತು.

"ಎರಡು ವರ್ಷ ಕಣಮ್ಮ! ನನ್ ಕೈನೇ ಬೈಕೊಂಡೆ. ಪ್ಲೇಟಿಂಗ್ ಆಗದಿರೋ ಒಂದು ಬೋಲ್ಟಿಗೆ ನಟ್ಟು ಹಾಕಿ ನೋಡಿದ್ರೆ ಸಾಕಿತ್ತಲ್ಲ!"

"ಹೌದು. ನೋಡ್ಬೇಕಿತ್ತು. ನೋಡ್ಲಿಲ್ಲ." ಅವಳು ಕಣ್ಣೀರು ಒರೆಸಿಕೊಳ್ಳಲಿಲ್ಲ. "ಯಾಕೆ ಅಷ್ಟು ದಪ್ಪ ಹಚ್ಚಿಸ್ದೆ ಗೊತ್ತಾ? ಮುಂದೆ ನಾನೂ ಇದೇ ಊರಿನ ನೀರು ಕುಡಿಯೋಳು ಅಂತ ಮನಸ್ನಲ್ಲೇ ಅಂದ್ಕೊಂಡ್ಬುಟ್ಟಿದ್ದೆ..."

ಹಿಂದೂಪುರದ ಬಸ್ಸು ಹಾರನ್ ಹೊಡೆಯಿತು.

"ಹೋಯ್ತೀನಿ," ಎಂದು ಅವಳು ತಿರುಗಿದಳು.

"ಕ್ಷಮಿಸ್ಬುಟ್ಟೆ ಅಂತ ಸುಳ್ಳು ಹೇಳಾಕಾಗಲ್ಲ, ಸುವರ್ಣ. ಇನ್ನೂ ನೋಯ್ತೈತೆ." ಅವನು ಎದ್ದು ಬಂದ. "ಆದ್ರೆ ನೀನು ಹೋದ್ರೆ ಇನ್ನೂ ನೋಯ್ತೈತೆ."

"ಹಂಗಾದ್ರೆ ಏನ್ ಮಾಡ್ಲಿ?"

"ಇರು."

"ಎಲ್ಲಿಗಂಟ?"

"ನೋವು ಹೋಗೋಗಂಟ... ಹೋದ್ಮೇಲೂ."